ಚಾಚಿ ಹದ ನೋಡಿದ ಎಂಬತ್ತು ಕಪ್ಪುಗಳು

ನಮ್ಮ ಪಕ್ಕದ ಮನೆಯ ಚಾಚಿಯ ಒಂಬತ್ತು ಬೆರಳುಗಳ ಉಗುರುಗಳು ಸದಾ ಮದರಂಗಿಯಿಂದ ಕೆಂಪಗಿರುತ್ತಿದ್ದವು. ಬಲಗೈಯ ಕಿರುಬೆರಳು ಮಾತ್ರ ಬೋಳು. ಅದು ಹದ ನೋಡುವ ಬೆರಳು. ಅದಕ್ಕೆ ಬಣ್ಣವೂ ಬೇಡ, ವಾಸನೆಯೂ ಬೇಡ ಎನ್ನುತ್ತಿದ್ದರು. ಬೆಟಗೇರಿಯ ನಮ್ಮ ಓಣಿಯಲ್ಲಿ ಯಾರ ಮನೆಯ ಪಾಕ ಕೆಟ್ಟರೂ ಚಾಚಿಗೆ ಕರೆ ಹೋಗುತ್ತಿತ್ತು. ಬೈಯುತ್ತಲೇ ಬರುತ್ತಿದ್ದರು, ಆದರೆ ಬಾರದೆ ಇರುತ್ತಿರಲಿಲ್ಲ.

ನಾನು ಮನೆಯಲ್ಲೇ ಕೇಕು, ಪುಡಿಂಗು ಮಾಡಿ ಮಾರಲು ತೊಡಗಿದ ಹೊಸತು. ಮುಂಡರಗಿಯ ಬಟ್ಟೆ ವ್ಯಾಪಾರಿಯೊಬ್ಬರು ಮೊಮ್ಮಗಳ ನಿಶ್ಚಿತಾರ್ಥಕ್ಕೆ ಎಂಬತ್ತು ಕಪ್ಪು ಪನ್ನಾ ಕೋಟಾ ಬೇಕೆಂದರು. ಇಟಲಿಯವರ ಸಿಹಿ ಅದು. ಕೆನೆ, ಹಾಲು, ಸಕ್ಕರೆ ಕಾಯಿಸಿ ತಣ್ಣಗೆ ಗಟ್ಟಿಯಾಗಿಸಿ, ಮೇಲೆ ದಾಳಿಂಬೆ ರಸದ ಜೆಲ್ಲಿಯ ಪದರ ಕೂಡಿಸಬೇಕು. ನನ್ನ ಮೊದಲ ದೊಡ್ಡ ಆರ್ಡರು. ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ.

ಹಿಂದಿನ ದಿನ ಚಾಚಿ ಬಂದರು. ರಂಜಾನ್ ತಿಂಗಳು, ರೋಜಾ ಉಪವಾಸವಿದ್ದರು. ಕಟ್ಟೆಯ ಮೇಲಿನ ಪೊಟ್ಟಣ ಎತ್ತಿ ನೋಡಿದರು.

“ಇದು ಯಾತರದ್ದು?”

“ಜೆಲಾಟಿನ್, ಚಾಚಿ. ಗಟ್ಟಿ ಆಗಾಕ ಹಾಕೂದು.”

“ಪ್ರಾಣಿ ಚರ್ಮ, ಎಲುಬು ಕುದಿಸಿ ತಗದಿದ್ದವ್ವ ಅದು. ನಾವಾದ್ರೂ ಹಲಾಲ್ ಐತೇನಂತ ಅಂಗಡ್ಯಾಗ ಕೇಳಿ ಕೇಳಿ ತಗೋತೀವಿ. ನೀ ಅದನ್ನ ಲಿಂಗ ಕಟ್ಟಿದವರಿಗೆ ತಿನಸ್ತೀ?”

ನನಗೆ ನಿಜವಾಗಿಯೂ ಗೊತ್ತಿರಲಿಲ್ಲ. ಆರ್ಡರು ಕೊಟ್ಟ ಮನೆಯ ಅಜ್ಜಿ ಲಿಂಗಪೂಜೆಯಾಗದೆ ನೀರು ಮುಟ್ಟದವರು. ಆದರೂ ಆರ್ಡರು ಕೈತಪ್ಪುವ ಭಯಕ್ಕೆ, “ಯಾರಿಗಿ ಗೊತ್ತಾಗತೈತಿ ಚಾಚಿ?” ಎಂದುಬಿಟ್ಟೆ. ನೆನೆದರೆ ಇಂದಿಗೂ ನಾಚಿಕೆಯಾಗುತ್ತದೆ.

ಚಾಚಿ ಬೈಯಲಿಲ್ಲ. “ತಿನ್ನೋರಿಗೆ ಖರೆ ಗೊತ್ತಿರಬೇಕವ್ವ. ಮುಚ್ಚಿಟ್ಟು ಬಡಿಸಬಾರದು” ಎಂದು ಮನೆಗೆ ಹೋಗಿ ಚೈನಾ ಗ್ರಾಸ್ ತಂದರು. ಸಮುದ್ರದ ಪಾಚಿಯಿಂದ ಮಾಡಿದ ಬಿಳಿ ಎಳೆಗಳು. ಹಬ್ಬಕ್ಕೆ ಹಾಲಿನ ಸಿಹಿ ಮಾಡಲೆಂದು ತೆಗೆದಿಟ್ಟದ್ದು. ಅದನ್ನು ನೀರಿನಲ್ಲಿ ಪೂರ್ತಿ ಕರಗುವವರೆಗೆ ಕುದಿಸಿದೆವು. ಫ್ರಿಜ್ಜಿನ ಕೆನೆಯನ್ನು ಹಾಗೆಯೇ ಸುರಿಯಲು ಹೋದ ನನ್ನ ಕೈಗೆ ಒಂದೇಟು ಬಿತ್ತು. “ಬೆಚ್ಚಗ ಮಾಡ್ಕೊಂಡ ಹಾಕು, ಇಲ್ಲಾಂದ್ರ ಗಂಟ ಆಗತೈತಿ!”

ಕಪ್ಪುಗಳಿಗೆ ಸುರಿದು ಆರಿದ ಮೇಲೆ ಚಾಚಿ ನಾಲಿಗೆಗೆ ಒಂದು ಹನಿಯನ್ನೂ ತಾಗಿಸದೆ, ಸಾಲಿಗೊಂದು ಕಪ್ಪಿನಲ್ಲಿ ಕಿರುಬೆರಳು ಒತ್ತಿ ನೋಡಿದರು. ಬೆರಳಿಗೆ ಅಂಟಬೇಕು, ಗುರುತು ಬೀಳಬಾರದು. ಜೆಲ್ಲಿ ಸುರಿಯುವ ಹೊತ್ತು ಅದು. ಮುಂಚೆ ಸುರಿದರೆ ಬಣ್ಣ ಬೆರೆತುಹೋಗುತ್ತದೆ, ತಡವಾದರೆ ಪದರಗಳು ಜಾರಿ ಬೇರೆಯಾಗುತ್ತವೆ. ಸಂಜೆ ಖರ್ಜೂರ ತಿಂದು ನೀರು ಕುಡಿದ ಮೇಲೆ ಒಂದು ಚಮಚ ಬಾಯಿಗಿಟ್ಟು, “ಸಕ್ಕರಿ ಜರಾ ಹೆಚ್ಚಾತು” ಎಂದರು. ಎಂಬತ್ತೂ ಮುಗಿದ ಮೇಲೆ! ಮರುದಿನ ಆ ಮನೆಯವರ ಗಾಡಿ ಬಂದಾಗಲೂ ಹೊರಗೆ ನಿಂತು, ರಸ್ತೆಯಲ್ಲಿ ಹಂಪು ಬಂದರೆ ನಿಧಾನ ಹೋಗಬೇಕೆಂದು ಡ್ರೈವರನಿಗೆ ಪಾಠ ಮಾಡುತ್ತಿದ್ದರು.

ಅದೇ ಗಾಡಿಯಲ್ಲಿ ನಾನೂ ಹೋದೆ. ಮುಂಡರಗಿಯಲ್ಲಿ ಅಜ್ಜಿ ನನ್ನನ್ನು ಕರೆಸಿ, ಇದರಲ್ಲಿ ಏನೇನಿದೆ ಎಂದು ಕೇಳಿದರು. ಎಲ್ಲ ಹೇಳಿದೆ.

“ಯಾರ ಮಾಡಿದ್ದು?”

“ನಾನರಿ.”

ಚಾಚಿಯ ಹೆಸರು ನನ್ನ ಬಾಯಿಂದ ಹೊರಡಲಿಲ್ಲ. ಮುಸ್ಲಿಮರ ಕೈ ಎಂದು ತಿಳಿದರೆ ಕಪ್ಪುಗಳು ವಾಪಸಾದಾವೆಂದು ಹೆದರಿದೆ. ನನ್ನನ್ನು ಯಾರೂ ಹೆದರಿಸಿರಲಿಲ್ಲ. ಊರಿಗೆ ಬಂದಾಗ ಚಾಚಿ ಕೇಳಿದ್ದು ಒಂದೇ: “ಅಜ್ಜಿ ತಿಂದ್ರೇನ?” ಎರಡು ಕಪ್ಪು ತಿಂದರು ಎಂದಾಗ ಅವರ ಮುಖ ಅರಳಿತು.

ಇಂದು ನನಗೆ ಪುಟ್ಟ ಅಂಗಡಿಯಿದೆ, ಒಳ್ಳೆಯ ಹೆಸರಿದೆ. ಎರಡೂ ಚಾಚಿ ಕೊಟ್ಟದ್ದು.

ಮೊನ್ನೆ ಅದೇ ಅಜ್ಜಿ ಮರಿಮಗುವಿನ ತೊಟ್ಟಿಲು ಕಾರ್ಯಕ್ಕೆ ಅದೇ ಸಿಹಿಯ ಕಪ್ಪುಗಳು ಬೇಕೆಂದು ತಾವೇ ಫೋನ್ ಮಾಡಿದರು. ಈ ಸಲ ಧೈರ್ಯ ಮಾಡಿ ಹೇಳಿದೆ: “ಅಜ್ಜಿ, ಅವತ್ತಿಂದು ನಂದೊಬ್ಬಾಕೀ ಕೈ ಅಲ್ಲರಿ. ನಮ್ಮ ಬಾಜೂ ಮನಿ ಚಾಚಿದು.”

“ಗೊತ್ತೈತಿ ಬಿಡವ್ವ. ನಮ್ಮ ಡ್ರೈವರ್ ಅವತ್ತ ಹೇಳಿದ್ದ, ರೋಜಾ ಹಿಡಿದು ಮಾಡ್ಯಾರಂತ. ನೀನ ಹೇಳ್ತೀ ಅಂತ ದಾರಿ ನೋಡಿದೆ. ಈ ಸಲ ಅಕೀನ್ನೂ ಕರಕೊಂಡ ಬಾ, ಒಂದ ಸೀರಿ ಕೊಡಬೇಕು.”

ಚಾಚಿ ತೀರಿಕೊಂಡು ಆಗಲೇ ನಾಲ್ಕು ತಿಂಗಳಾಗಿತ್ತು.