ಮಡಚು ಕಿವಿಯ ಮರಿ

ಭಾನುವಾರ, ಬೆಳಗಿನ ಏಳು ಗಂಟೆ. ಹಾಜರಿದ್ದವರು: ನಾನು, ಸೊಸೆ ನೇತ್ರಾ, ಅವಳ ಕಂಪ್ಯೂಟರಿನಲ್ಲಿ ಒಂದು ತೋಳದ ಸಂಸಾರ. ಹೆಂಡತಿ ಗೌರಮ್ಮ ಅಡುಗೆಮನೆಯಿಂದ ಆಗಾಗ ಇಣುಕುತ್ತಿದ್ದುದರಿಂದ ಅವಳಿಗೆ ಅರ್ಧ ಹಾಜರಿ. ಗಂಗಾವತಿಯಲ್ಲಿ ಡ್ರಿಲ್ ಮಾಸ್ತರನಾಗಿದ್ದವನು ನಾನು. ನಿವೃತ್ತಿಯಾದರೂ ಹಾಜರಿ ಹಾಕದೆ ದಿನ ಶುರುವಾಗುವುದಿಲ್ಲ.

ನೇತ್ರಾ ಕಾಡುಪ್ರಾಣಿಗಳ ಚಿತ್ರಗಳ ಸಂಕಲನ ಮಾಡುತ್ತಾಳೆ. ಯಾರೋ ತಿಂಗಳುಗಟ್ಟಲೆ ಗುಡ್ಡದಲ್ಲಿ ಬೋರಲು ಮಲಗಿ ತೆಗೆದದ್ದನ್ನು ಮನೆಯಲ್ಲಿ ಕುಳಿತು ಕತ್ತರಿಸಿ, ಜೋಡಿಸಿ ಕಥೆಯಾಗಿಸುವ ಕೆಲಸ. ಮೊದಮೊದಲು ಕಾರಟಗಿಯ ನೆಂಟರು ಕೇಳಿದಾಗ, ಸೊಸೆ ದಿನವೆಲ್ಲ ಟಿ.ವಿ. ನೋಡುತ್ತಾಳೆ ಎಂದಿದ್ದೆ. ಗೌರಮ್ಮನ ವ್ಯಾಖ್ಯಾನ ಮೇಲು: ಅದು ಅಕ್ಕಿ ಹಸನು ಮಾಡಿದಂತೆ, ಕಲ್ಲು ತೆಗೆಯಬೇಕು, ಕಾಳು ಚೆಲ್ಲಬಾರದು. ದೂರದಿಂದ ತೆಗೆದ ಚಿತ್ರಕ್ಕೆ ಸದ್ದೂ ಇರುವುದಿಲ್ಲವಂತೆ. ತೋಳ ಎಲುಬು ಕಡಿಯುವ ಸದ್ದಿಗೆ ನೇತ್ರಾ ಮೈಕಿನ ಮುಂದೆ ನಮ್ಮ ಮನೆಯ ಕಡಕ್ ರೊಟ್ಟಿ ಮುರಿಯುತ್ತಾಳೆ.

ಹೇಮಗುಡ್ಡದ ಆಚೆಯ ಕುರುಚಲಿನ ಈ ಸಂಸಾರದಲ್ಲಿ ನಾಲ್ಕು ಮರಿ. ಒಂದರ ಕಿವಿ ಮಡಚಿತ್ತು. ಕವಾಯತಿನಲ್ಲಿ ಹೆಜ್ಜೆ ತಪ್ಪುವ ಹುಡುಗನಂತೆ ಅದು ಸದಾ ಸಾಲಿನ ಕೊನೆಗೆ. ನನಗೆ ಅದರ ಮೇಲೆಯೇ ಜೀವ. ಚಿತ್ರದ ನಡುವೆ ಅದು ಕಾಣೆಯಾಗಿತ್ತು. ಆ ಭಾನುವಾರ ನೋಡುತ್ತೇನೆ, ಕೊನೆಯ ದೃಶ್ಯದಲ್ಲಿ ಮರಿ ಓಡಿ ಬಂದು ತಾಯಿಯನ್ನು ಸೇರಿತು. ಮರಿ ಬಂತೆಂದು ಅಡುಗೆಮನೆಗೆ ಕೂಗಿದೆ. ಗೌರಮ್ಮ ಹಿಟ್ಟಿನ ಕೈಯನ್ನೇ ದೇವರಿಗೆ ಮುಗಿದಳು.

ನೇತ್ರಾ ಮಾತ್ರ ತಲೆ ತಗ್ಗಿಸಿ ನಿಜ ಹೇಳಿದಳು. ಅದು ಕುಷ್ಟಗಿ ಕಡೆಯ ಬೇರೊಂದು ಗವಿಯ ಮರಿ. ಕಿವಿ ಕಾಣದಂತೆ ಹಿಂದಿನಿಂದ ತೆಗೆದ ದೃಶ್ಯವನ್ನು ಸೇರಿಸಲು ನಿರ್ಮಾಪಕರೇ ಹೇಳಿದ್ದರು. ಸುಖಾಂತ್ಯವಾದರೆ ಮುಂದಿನ ಚಿತ್ರವೂ ಅವಳಿಗೆ, ಇಲ್ಲದಿದ್ದರೆ ಬೇರೆಯವರಿಗೆ. ಸಂಜೆಯೊಳಗೆ ಕಳಿಸಬೇಕಿತ್ತು.

ಒಬ್ಬನ ಹೆಸರಿಗೆ ಇನ್ನೊಬ್ಬ ‘ಹಾಜರ್ ಸರ್’ ಎಂದರೆ ಇಬ್ಬರಿಗೂ ಮೈದಾನ ಸುತ್ತಿಸುತ್ತಿದ್ದ ಮಾಸ್ತರ ನಾನು. ಅಂಥವನು ಹೇಳಿದ್ದು ಇದು:

“ಇರ್ಲಿ ಬಿಡವ್ವಾ. ರೊಟ್ಟಿ ಸಪ್ಪಳ ಎಲುಬಿನ ಸಪ್ಪಳ ಆಗತೈತಿ. ಈ ಮರಿ ಆ ಮರಿ ಯಾಕಾಗಬಾರ್ದು?”

“ರೊಟ್ಟಿ ಮುರದ್ರ ಅತ್ತಿಯಾರು ಇನ್ನೊಂದು ರೊಟ್ಟಿ ಬಡೀತಾರ್ರಿ ಮಾವಾರ,” ಎಂದಳು. “ಆ ಮರಿ ಹೋಗೇತ್ರಿ. ನೀವು ಅಷ್ಟು ನಂಬಿದ್ರಲ್ಲ, ಅದಕ್ಕ ನನಗ ಹೆದರಿಕಿ ಬಂತು.”

ಮಧ್ಯಾಹ್ನದ ಹೊತ್ತಿಗೆ ಬೇರೆ ಗವಿಯ ಮರಿಯನ್ನು ತೆಗೆದುಹಾಕಿದಳು. ಈಗ ಕೊನೆಯಲ್ಲಿ ತಾಯಿ ಗುಡ್ಡ ಏರುತ್ತ ನಿಂತು ಹಿಂದೆ ನೋಡುತ್ತದೆ. ಮರಿ ಕಾಣೆಯಾದ ಮೇಲೆ ತೆಗೆದದ್ದೇ ಅದು. ಮೂರು ಮರಿಗಳು ದಾಟಿ ಹೋಗುತ್ತವೆ. ತಾಯಿ ಇನ್ನೂ ನೋಡುತ್ತಿರುತ್ತದೆ. ನಾನೂ ಅಲ್ಲೇ ನೋಡುತ್ತ ಕುಳಿತೆ. ಊಟದ ಹೊತ್ತು ಮೀರಿತು, ನನ್ನ ಮಟ್ಟಿಗೆ ಅದು ಸಣ್ಣ ಸಂಗತಿಯಲ್ಲ.

ಸಂಜೆ ಚಿತ್ರ ಹೋಯಿತು. ನಿರ್ಮಾಪಕರು ಫೋನಿನಲ್ಲಿ ‘ನೋಡೋಣ’ ಎಂದಷ್ಟೇ ಅಂದರಂತೆ. ಮೇಲಿನವರ ‘ನೋಡೋಣ’ ಎಂಥದ್ದೆಂದು ನನಗೆ ಗೊತ್ತು; ನೇತ್ರಾಗೂ ಗೊತ್ತು. ಕಂಪ್ಯೂಟರು ಮುಚ್ಚಿ ಎದ್ದಳು.

ಆ ದಿನದ ಒಂದು ಕೆಲಸ ನನಗೆ ಉಳಿದಿತ್ತು: ಗೌರಮ್ಮನಿಗೆ ನಿಜ ಹೇಳುವುದು. ಹೇಳಿದೆ. ಅವಳು ಸೆರಗಿಗೆ ಕೈ ಒರೆಸಿಕೊಂಡು ಕೇಳಿದಳು:

“ಉಳಿದ ಮೂರು?”

“ಛಲೋ ಅದಾವ,” ಎಂದೆ. ನನ್ನ ಮಾತನ್ನು ಅವಳು ನಂಬಿದಳು, ಈ ಸಲ ಅದು ನಂಬುವಂಥದ್ದೇ ಆಗಿತ್ತು.