ಮೆಟ್ಟಿಲ ಮುಂದೆ ಸುಳ್ಳು ನಡೆಯುವುದಿಲ್ಲ

ಬೆಳಗಿನ ಐದೂವರೆ. ಫುಟ್‌ಬಾಲ್ ಮೈದಾನದ ಗ್ಯಾಲರಿ ಕೆಳಗಿನ ಕಿರುಕೋಣೆಯಲ್ಲಿ ಮಾಮ ಆಗಲೇ ಬಕೆಟ್ಟಿಗೆ ಐಸು ಸುರಿದು, ಅಂಗೈಗೆ ಎಣ್ಣೆ ಹಚ್ಚಿಕೊಂಡು ಕಾಯುತ್ತಿದ್ದಾರೆ. ಆಟಗಾರರು ಆಕಳಿಸುತ್ತ ಬಂದು ಮರದ ಮೇಜಿನ ಮೇಲೆ ಕಾಲು ಚಾಚುತ್ತಾರೆ. ಏಳು ಗಂಟೆಯೊಳಗೆ ಇಪ್ಪತ್ತೆರಡು ಜನ, ನಲವತ್ತನಾಲ್ಕು ಮಂಡಿ. ಮಾಲೀಶು ಮಾಡಿ ಪಟ್ಟಿ ಸುತ್ತುವ ಈ ಮನುಷ್ಯನನ್ನು ಇಡೀ ತಂಡ ಕರೆಯುವುದೇ ಮಾಮ ಎಂದು.

ಒಂದು ಕಾಲಕ್ಕೆ ಇವರ ಆಟ ನೋಡಲೆಂದೇ ಈ ಗ್ಯಾಲರಿ ಕಿಕ್ಕಿರಿಯುತ್ತಿತ್ತು ಎಂದರೆ ಈಗಿನವರು ನಂಬುವುದಿಲ್ಲ. ಇಪ್ಪತ್ತೆರಡನೇ ವಯಸ್ಸಿಗೆ ಇದೇ ಕ್ಲಬ್ಬಿಗೆ ಒಂದೇ ವರ್ಷ ಹತ್ತೊಂಬತ್ತು ಗೋಲು ಹೊಡೆದವರು. ಒಂದು ದಿನ ಅಭ್ಯಾಸದಲ್ಲಿ ಬಲಮಂಡಿ ಟಕ್ ಅಂದಿತು. ಮೂರೇ ದಿನಕ್ಕೆ ರಾಷ್ಟ್ರೀಯ ತಂಡದ ಆಯ್ಕೆ ಪಂದ್ಯ. ಡಾಕ್ಟರು ಕೇಳಿದಾಗ ನೋವಿಲ್ಲ ಎಂದುಬಿಟ್ಟರು. ಅರ್ಧ ಗಂಟೆ ಆಡಿದರು, ಕುಸಿದರು. ಎರಡು ಆಪರೇಷನ್ ಆದರೂ ಮಂಡಿ ಮೊದಲಿನಂತಾಗಲಿಲ್ಲ.

"ಯಾರನ್ನ ಅಂತ ಬೈಯ್ಲಿ? ನನ್ನ ಕಾಲ ಮೇಲೆ ನಾನೇ ಚಪ್ಪಡಿ ಎಳ್ಕೊಂಡೆ" ಎನ್ನುತ್ತಾರೆ. ಆಮೇಲೆ ಹೊಟ್ಟೆಪಾಡಿಗೆ ಗೋದಾಮು ಕಾದರು. ಹಳೆಯ ಕೋಚು ಕರೆತಂದು ಇಲ್ಲಿ ಕೂರಿಸಿ ಇಪ್ಪತ್ತೊಂದು ವರ್ಷವಾಯಿತು.

ಮನೆ ಮೂರನೇ ಮಹಡಿಯಲ್ಲಿ, ಲಿಫ್ಟಿಲ್ಲ. ಮೆಟ್ಟಿಲು ಹತ್ತುವಾಗ ಗಂಡ ಎಷ್ಟು ಗತ್ತು ತೋರಿಸಿದರೂ, ಇಳಿಯುವ ಸದ್ದಿನಲ್ಲೇ ಅವರ ನೋವು ತಿಳಿದುಬಿಡುತ್ತದೆ ಎಂದು ಹೆಂಡತಿ ನಗುತ್ತಾರೆ. ಆಟಗಾರರ ಮಂಡಿ ಪರೀಕ್ಷಿಸುವ ಉಪಾಯ ಮಾಮನಿಗೆ ಸಿಕ್ಕಿದ್ದು ಅಲ್ಲಿಂದಲೇ. ಪಂದ್ಯದ ದಿನ ಪ್ರತಿಯೊಬ್ಬರೂ ಕಂಬಿ ಹಿಡಿಯದೆ ಗ್ಯಾಲರಿಯ ಹದಿನೆಂಟು ಮೆಟ್ಟಿಲು ಇಳಿಯಬೇಕು. ಮಾಮ ಬೆನ್ನು ತಿರುಗಿಸಿ, ಕಣ್ಣು ಮುಚ್ಚಿ, ಬರೀ ಹೆಜ್ಜೆಯ ಸದ್ದು ಕೇಳುತ್ತಾರೆ; ನೋಯುವ ಕಾಲಿನ ಸದ್ದೇ ಬೇರೆ.

ಒಂದೂವರೆ ತಿಂಗಳ ಹಿಂದೆ, ಫೈನಲ್ ದಿನ, ತಂಡದ ಹೆಸರಾಂತ ಫಾರ್ವರ್ಡ್ ಒಂಬತ್ತನೇ ಮೆಟ್ಟಿಲಲ್ಲಿ ತಡವರಿಸಿದ. ಅವನನ್ನು ಆರಿಸಲು ದೊಡ್ಡ ಕ್ಲಬ್ಬಿನವರು ಬಂದು ಕೂತಿದ್ದರು. ಇದೊಂದು ದಿನ ಸುಮ್ಮನಿರಿ ಎಂದು ಕೈಮುಗಿದ. ನಾನಾಗಿದ್ದರೆ ಬಾಯಿಗೆ ಬೀಗ ಹಾಕಿಕೊಳ್ಳುತ್ತಿದ್ದೆನೇನೋ. ಮಾಮ ನೇರವಾಗಿ ಹೋಗಿ ಕೋಚಿಗೆ ಹೇಳಿದರು. ಅವನಿಲ್ಲದೆ ತಂಡ ಸೋತಿತು. ತಂಡದ ಕಾರ್ಯದರ್ಶಿ ಮಾಮನನ್ನು ಕೆಲಸದಿಂದ ತೆಗೆಯುತ್ತೇನೆಂದು ಹಾರಾಡಿದರು. ಮರುದಿನ ಸ್ಕ್ಯಾನಿನಲ್ಲಿ ಮಂಡಿಯೊಳಗೆ ಸಣ್ಣ ಸೀಳು ಕಂಡಿತು. ಆರು ವಾರ ವಿಶ್ರಾಂತಿ ಎಂದರು ಡಾಕ್ಟರು. ಕಾರ್ಯದರ್ಶಿ ಆ ಮಾತು ಮತ್ತೆ ಎತ್ತಲಿಲ್ಲ. ಫಾರ್ವರ್ಡ್ ಮಾತ್ರ ಮಾಮನ ಜೊತೆ ಮಾತು ಬಿಟ್ಟ. ಅದೊಂದು ಅವರನ್ನು ಬಹಳ ನೋಯಿಸಿತ್ತು.

ಇಂದು ಆರು ವಾರ ಮುಗಿದಿದೆ. ಎಲ್ಲರೂ ಮೈದಾನಕ್ಕಿಳಿದ ಮೇಲೆ ಫಾರ್ವರ್ಡ್ ಬಾಗಿಲಲ್ಲಿ ನಿಲ್ಲುತ್ತಾನೆ. "ಮಾಮ, ಸ್ವಲ್ಪ ಕೇಳ್ತೀರಾ?" ಅಷ್ಟೇ ಹೇಳಿ ಮೆಟ್ಟಿಲು ಹತ್ತುತ್ತಾನೆ. ಮಾಮ ಬೆನ್ನು ತಿರುಗಿಸಿ ನಿಲ್ಲುತ್ತಾರೆ. ಇಳಿದು ಬರುವ ಹದಿನೆಂಟು ಹೆಜ್ಜೆಗೂ ಒಂದೇ ಸದ್ದು.

"ಹೋಗು, ಆಡು" ಎಂದವರು ಎಣ್ಣೆಗೈಯಲ್ಲೇ ಕಣ್ಣೊರೆಸಿಕೊಂಡು, ಉರಿ ತಾಳಲಾರದೆ ತಮ್ಮನ್ನೇ ಬೈದುಕೊಳ್ಳುತ್ತಾರೆ.

ನಿಮಗೇನು ಆಸೆ ಎಂದು ಕೇಳುತ್ತೇನೆ.

"ನಂಗೇನಿದೆ? ಇವ್ನು ಇನ್ನೂ ಹತ್ತು ವರ್ಷ ಆಡ್ಲಿ. ಆಮೇಲೆ ಸಾಕಾಯ್ತು ಅಂತ ಅವನೇ ಬಿಡ್ಲಿ."