ಹೆಬ್ಬಲಸಿನ ಬುಡದ ಸುಡುಮಣ್ಣು

ನನ್ನ ಹೈಸ್ಕೂಲಿನ ವಿಜ್ಞಾನದ ಮಾಷ್ಟ್ರು, ಎಲ್ಲೂ ಇಲ್ಲದ ಹೂವಿನ ಚಿತ್ರ ಬರೆದರು ಎಂದು ಒಂದು ಕಾಲದಲ್ಲಿ ಕೆಲವರು ನಗುತ್ತಿದ್ದರು. ಹೂ ಇತ್ತು. ಇಲ್ಲದ ಹಾಗೆ ಮಾಡಿದವನು ನಾನು.

ಐವತ್ತರ ದಶಕದ ಕೊನೆಯ ಮಾತು. ನಾನು ಓದು ಮುಗಿಸಿ, ಕಡಬದಿಂದ ಆಚೆ ನಮ್ಮ ಮನೆಯಲ್ಲಿ ಬೇಸಾಯಕ್ಕೆ ನಿಂತು ಕೆಲವು ವರ್ಷಗಳಾಗಿದ್ದವು. ಮಾಷ್ಟ್ರಿಗೆ ಗಿಡಗಳ ಹುಚ್ಚು. ಆದಿತ್ಯವಾರ ಬಸ್ಸಿಳಿದು ಎರಡು ಮೈಲು ನಡೆದು ಬರುತ್ತಿದ್ದರು. ಕಲಿಸಿದ ಅಷ್ಟು ಮಕ್ಕಳಲ್ಲಿ ಅವರು ಹುಡುಕಿಕೊಂಡು ಬರುತ್ತಿದ್ದದ್ದು ನನ್ನೊಬ್ಬನನ್ನೇ ಎಂಬುದು ನನಗೆ ದೊಡ್ಡ ಹೆಮ್ಮೆ.

ಮನೆಯ ಹಿಂದೆ ಕುಮ್ಕಿ ಕಾಡು. ಸರಕಾರದ ಜಾಗವೇ, ಆದರೆ ಸೊಪ್ಪು ತರಗೆಲೆ ತೆಗೆಯುವ ಹಕ್ಕು ನಮ್ಮದು. ಮಳೆ ಹಿಡಿದ ನಾಲ್ಕನೆಯ ದಿನ, ನೀರು ಹರಿವ ತೋಡಿನ ಪಕ್ಕದ ದೊಡ್ಡ ಹೆಬ್ಬಲಸಿನ ಮರದ ಬುಡದಲ್ಲಿ ಮಾಷ್ಟ್ರು ಕೊಡೆ ಬದಿಗಿಟ್ಟು ಮೊಣಕಾಲೂರಿದರು. ಕೊಳೆತ ಎಲೆಗಳ ನಡುವೆ ಎಂತದೋ ಬಿಳಿ ಬಿಳಿ.

"ಅಣಬೆಗೆ ಇಷ್ಟು ಮರ್ಯಾದೆಯಾ ಮಾಷ್ಟ್ರೆ?" ಎಂದೆ.

"ಅಣಬೆಯಲ್ಲಿ ಹೂ ಉಂಟಾ ಮಾರಾಯ? ಇದು ಆರ್ಕಿಡ್. ಎಲೆ ಇಲ್ಲ, ಹಸಿರೇ ಇಲ್ಲ. ಬಿಸಿಲು ಬೇಡ ಇದಕ್ಕೆ. ಈ ಕೊಳೆತ ಎಲೆ, ಅದರ ಬೂಸರು, ಅದೇ ಊಟ. ನಾಲ್ಕು ದಿನ ನಿಂತು ಕಪ್ಪಾಗಿ ಬಿದ್ದುಹೋಗ್ತದೆ. ಪುಸ್ತಕದಲ್ಲಿ ಬಿಟ್ಟರೆ ನಾನು ಕಂಡದ್ದೇ ಇಲ್ಲ."

ಕಿತ್ತುಕೊಂಡು ಹೋಗಿ ಎಂದೆ. ಒಪ್ಪಲಿಲ್ಲ. "ಇಷ್ಟೇ ಉಂಟು. ಬರುವ ವರ್ಷ ಹೆಚ್ಚು ಬಂದರೆ ಒಂದು ತೆಗೆಯುವ." ಮಳೆಹನಿ ಬೀಳದ ಹಾಗೆ ನಾನು ಕೊಡೆ ಹಿಡಿದೆ, ಅವರು ಚಿತ್ರ ಬರೆದರು. ಸುತ್ತ ಮೂರು ಮುರಕಲ್ಲು ಇಟ್ಟು, "ಇಲ್ಲಿಂದ ಒಂದು ತರಗೆಲೆ ಸಹ ತೆಗೆಯಬೇಡ," ಎಂದರು. ಇಲ್ಲ ಎಂದೆ.

ಆ ಚಿತ್ರವನ್ನು ಅವರು ಮದರಾಸಿನ ಒಬ್ಬ ಪ್ರೊಫೆಸರರಿಗೆ ಕಳಿಸಿದರು. ಚಿತ್ರ ಸಾಲದು, ಆ ಕಡೆ ಇಂಥದ್ದು ಸಿಕ್ಕಿದ ದಾಖಲೆಯಿಲ್ಲ, ಗಿಡವನ್ನೇ ಕಳಿಸಿ ಎಂದು ಉತ್ತರ ಬಂತು. ಅವರು ಕಂಡದ್ದು ಬರೀ ಅಣಬೆ ಎಂದು ನಗಾಡಿ, ಶಾಲೆಯಲ್ಲಿ ಅವರಿಗೆ 'ಅಣಬೆ ಮಾಷ್ಟ್ರು' ಎಂದು ಹೆಸರು ಬಿತ್ತು.

ಮುಂದಿನ ಬೇಸಗೆಯಲ್ಲಿ ನನಗೆ ತರಕಾರಿ ಸಾಲಿಗೆ ಸುಡುಮಣ್ಣು ಬೇಕಿತ್ತು. ತರಗೆಲೆ, ಮೇಲ್ಮಣ್ಣು ಗುಪ್ಪೆ ಹಾಕಿ ಹೊಗೆಯಾಡಿಸಿ ಸುಟ್ಟರೆ ಅದಕ್ಕಿಂತ ಒಳ್ಳೆಯ ಗೊಬ್ಬರ ನಮ್ಮಲ್ಲಿ ಬೇರೆ ಇರಲಿಲ್ಲ. ಉಳಿದ ಕಡೆಯೆಲ್ಲ ಕೆರೆದಾಗಿತ್ತು. ಹೆಬ್ಬಲಸಿನ ಬುಡದಲ್ಲಿ ಮಾತ್ರ ಗೇಣುದ್ದ ಕರಿಮಣ್ಣು. ಬುಡ ಚೊಕ್ಕ ಮಾಡಿದರೆ ಯಾವ ಗಿಡವೂ ಇನ್ನೂ ಚೆನ್ನಾಗಿ ಬಂದೀತು ಎಂದು ಮನಸ್ಸಿಗೆ ಹೇಳಿಕೊಂಡೆ. ಇದು ಅರ್ಧ ನಿಜ. ಅಷ್ಟು ಒಳ್ಳೆಯ ಮಣ್ಣು ಸುಮ್ಮನೆ ಬಿದ್ದಿರುವುದನ್ನು ನೋಡಲಾಗಲಿಲ್ಲ ಎಂಬುದು ಉಳಿದರ್ಧ. ಕೆರೆಯುವಾಗ ಬೆರಳ ಗಾತ್ರದ ಬಿಳಿ ಗೆಡ್ಡೆಗಳು ಮೇಲೆ ಬಂದವು. ಕಂಡೆ. ಅವನ್ನೂ ಗುಪ್ಪೆಗೆ ಎಳೆದೆ. ಮೂರು ದಿನ ಹೊಗೆಯಾಡಿತು.

ಮಳೆಗಾಲ ಹತ್ತಿರ ಬಂದಾಗ ಹೆದರಿಕೆಯಾಯಿತು. ಬೇರೆ ಕಡೆಯಿಂದ ಎರಡು ಬುಟ್ಟಿ ತರಗೆಲೆ ತಂದು ಹರಡಿ, ಮುರಕಲ್ಲುಗಳನ್ನು ಇದ್ದ ಹಾಗೆಯೇ ಇಟ್ಟೆ.

ಮಾಷ್ಟ್ರು ಹೂ ಕೆಡದ ಹಾಗೆ ಹಾಕಿಡಲು ಸ್ಪಿರಿಟ್ ತುಂಬಿದ ಬಾಟಲಿ ಹಿಡಿದು ಬಂದರು. ಮೂರು ಆದಿತ್ಯವಾರ ಬಂದರು. "ಮಳೆ ತಡ ಆಯಿತು, ಹಾಗೆ ಇರಬೇಕು," ಎಂದು ತಾವೇ ಕಾರಣ ಹುಡುಕಿದರು. ನಾನು ಹೂಂಗುಟ್ಟಿದೆ. ಮಳೆ ಜೋರಿನ ಆಟಿ ತಿಂಗಳಲ್ಲಿ ಬಂದಾಗ ಅಮ್ಮ ಅವರ ಚೀಲ ತುಂಬ ಮುಳ್ಳುಸೌತೆ ಹಾಕಿಕೊಟ್ಟರು. ಆ ಸುಡುಮಣ್ಣಿನಲ್ಲಿ ಬೆಳೆದದ್ದು. ಮಾಷ್ಟ್ರು ಅಲ್ಲೇ ಒಂದನ್ನು ಕಚ್ಚಿ, "ಎಂತ ರುಚಿ ಮಾರಾಯ. ನಿನ್ನ ಕೈ ಒಳ್ಳೆಯದು," ಎಂದರು.

ಮರುವರ್ಷವೂ ಬಂದರು. ಈ ಸಲ ಕಡ್ಡಿಯಿಂದ ಮಣ್ಣು ಕೆದಕತೊಡಗಿದರು. ತರಗೆಲೆಯ ಅಡಿಯಲ್ಲಿ ಕರಿಮಣ್ಣಿಲ್ಲ, ಬರೀ ಕೆಂಪು. ಅವರ ಕೈ ನಿಂತಿತು.

"ಇಲ್ಲಿ ಯಾರಾದರೂ ಕೆರೆದಿದ್ದಾರಾ?"

"ಇಲ್ಲ ಮಾಷ್ಟ್ರೆ. ತೋಡಿನ ನೀರು ಹತ್ತಿ ಮಣ್ಣು ಕೊಚ್ಚಿಹೋಗಿರಬೇಕು."

ಅವರು ಕಡ್ಡಿ ಬಿಸಾಡಿ ಕೈಯ ಮಣ್ಣು ಒರಸಿಕೊಂಡರು. ಆಮೇಲೆ ಕೇಳಿದರು, "ನೀನು ಸಹ ನೋಡಿದ್ದೀಯಲ್ಲ. ಅದು ಹೂವೇ ಅಲ್ವಾ?"

ಹೌದು ಎಂದರೆ ಇನ್ನೂ ಹುಡುಕುತ್ತಾರೆ, ಕೆದಕುತ್ತಾರೆ ಎಂದು ನನಗೆ ಭಯ. "ನನಗೆ ಸರಿ ನೆನಪಿಲ್ಲ ಮಾಷ್ಟ್ರೆ. ಅಣಬೆಯ ಹಾಗೆಯೇ ಇತ್ತಪ್ಪ," ಎಂದೆ.

"ಹಾಗಾ," ಎಂದರು. ಮತ್ತೆ, ತಮಗೇ ಹೇಳಿಕೊಳ್ಳುವವರಂತೆ, "ನಾನೇ ತಪ್ಪು ನೋಡಿದೆನೋ ಎಂತದೋ." ಬಾಟಲಿಯನ್ನು ಚೀಲಕ್ಕೆ ಹಾಕಿದರು. ಆಮೇಲೆ ನಮ್ಮಲ್ಲಿಗೆ ಬರಲಿಲ್ಲ. ಅವರಿಗೆ ವರ್ಗವಾದದ್ದೂ, ತುಂಬ ವರ್ಷಗಳ ನಂತರ ತೀರಿಕೊಂಡದ್ದೂ ನನಗೆ ಬೇರೆಯವರ ಬಾಯಿಂದ ತಿಳಿಯಿತು.

ಆ ಬುಡದಿಂದ ಮತ್ತೆ ನಾನು ಒಂದೆಲೆ ತೆಗೆಯಲಿಲ್ಲ. ಕರಿಮಣ್ಣು ಈಗ ಪುನಃ ಬೆರಳುದ್ದ ಆಗಿದೆ. ಹೂ ಬಂದಿಲ್ಲ.

ನನಗೆ ಸರಿಯಾಗಿ ನೆನಪಿತ್ತು, ಮಾಷ್ಟ್ರೆ. ಮೂರು ದಂಟು. ಎತ್ತರದ್ದರಲ್ಲಿ ಏಳು ಹೂ, ಎರಡು ಮೊಗ್ಗು. ಮೇಣದ ಬಣ್ಣ, ತಲೆ ಕೆಳಗೆ, ಒಳಗೆ ಸಣ್ಣ ನಸುಗೆಂಪು ಚುಕ್ಕೆ. ನೀವು ಬರೆದ ಹಾಗೆಯೇ ಇತ್ತು.